ಕ್ಯಾಸೆಟ್ಟಿನ ಇನ್ನೊಂದು ಮಗ್ಗುಲು

ಪ್ಲೊಯೆಶ್ಟಿ, ರೊಮೇನಿಯಾ
೧೨ ಅಕ್ಟೋಬರ್ ೧೯೯೮

ರಾಜಕ್ಕಾ, ಶರಣು.

ನೀನು ಕಳಿಸಿದ ಕ್ಯಾಸೆಟ್ಟು ದಸರೆ ಮುಗಿದು ಎಂಟು ದಿನಕ್ಕೆ ಮುಟ್ಟಿತು. ಇಪ್ಪತ್ತು ವರ್ಷವಾಯಿತು ನಾನು ಬೀಸುವ ಪದ ಕೇಳಿ. ಹೆಂಡತಿ ಎಲೆನಾ ಕೆಲಸಕ್ಕೆ ಹೋಗಿದ್ದಳು. ಒಬ್ಬನೇ ಕೂತು ಮೂರು ಸಲ ಹಾಕಿದೆ. ಯಾರು ಹಾಡಿದ್ದು ಅಂತ ನೀನು ಬರೆದಿಲ್ಲ. ಇರಲಿ, ಊರಿನ ಯಾರೋ ಹೆಂಗಸು ಅಂದುಕೊಂಡೆ.

ಮೂರನೆಯ ಸಲ ಹಾಕಿದಾಗ ಬಾಗಿಲು ಬಡಿದ ಸದ್ದಾಯಿತು. ಹಾಡಿನ ಗದ್ದಲಕ್ಕೆ ಯಾರೋ ಸಿಟ್ಟಾಗಿ ಬಂದಿದ್ದಾರೆ ಅಂತ ಹೆದರಿ ಬಾಗಿಲು ತೆಗೆದರೆ ಮೇಲಿನ ಮನೆಯ ತೋಮಾ ಬರ್ಸಾನ್. ಎಪ್ಪತ್ತೇಳು ವರ್ಷದ ಮುದುಕರು. ದೊಡ್ಡ ವಾದ್ಯಮೇಳಗಳಿಗೆ ಸಂಗೀತ ಬರೆಯುತ್ತಿದ್ದವರು. ಒಂದು ಕಾಲಕ್ಕೆ ಇಲ್ಲಿನ ಸಾಲಿ ಪುಸ್ತಕದಲ್ಲೂ ಅವರ ಹೆಸರಿತ್ತಂತೆ. ಎಂಟು ವರ್ಷದಿಂದ ಮೆಟ್ಟಿಲ ಮೇಲೆ ನಮಸ್ಕಾರ ಹೇಳುವುದು ಬಿಟ್ಟರೆ ನಮ್ಮಿಬ್ಬರಿಗೆ ಮಾತಿರಲಿಲ್ಲ.

ಅಂದು ಒಳಗೆ ಬಂದು, ಟೋಪಿ ತೆಗೆಯದೆ ಕೂತರು. ಪದ ಮುಗಿಯುವವರೆಗೆ ಕೇಳಿದರು. ಆಮೇಲೆ, "ಈ ಊರು ನದಿಯ ದಂಡೆಯಲ್ಲಿದೆಯಾ?" ಎಂದು ಕೇಳಿದರು. ಹೌದು, ಕೃಷ್ಣಾ ಅಂದೆ. ಅಣೆಕಟ್ಟಿನ ಹಿನ್ನೀರಿಗೆ ಮುಳುಗಲಿದೆ ಅಂತಲೂ ಹೇಳಿದೆ. ಎದ್ದು ಹೋಗಿಬಿಟ್ಟರು. ನಾನೇನು ತಪ್ಪು ಮಾತಾಡಿದೆನೋ ತಿಳಿಯಲಿಲ್ಲ.

ನಿನ್ನ ತಮ್ಮ
ಯಲ್ಲಾಲಿಂಗ


ಜಮಖಂಡಿ
೨೨ ನವೆಂಬರ್ ೧೯೯೮

ಪ್ರೀತಿಯ ತಮ್ಮನಿಗೆ,

ನಿನ್ನ ಪತ್ರ ಓದಿ ಎಷ್ಟು ದಿನದ ಮೇಲೆ ನಗು ಬಂತು ಗೊತ್ತೇ? ನಮ್ಮ ಹೊಳೆಶೆಟ್ಟಿಹಾಳದ ಬೀಸುವ ಪದ ಆ ದೇಶದ ಸಂಗೀತಗಾರರನ್ನು ಮೆಟ್ಟಿಲು ಇಳಿಸಿ ತಂದಿತಲ್ಲ!

ನನ್ನ ಯಜಮಾನರು ತೀರಿದ ಮೇಲೆ ಸಾಲೆಯಲ್ಲಿ ಹುಡುಗಿಯರಿಗೆ ಸರಿಗಮ ಹೇಳಿಕೊಡುವುದು ಬಿಟ್ಟರೆ ನಾನು ತಂಬೂರಿ ಮುಟ್ಟಿಲ್ಲ. ಈಗ ಒಂದು ಆಸೆ ಹುಟ್ಟಿದೆ. ತೋಮಾ ಅವರ ಜೀವನ ಕೇಳಿ ಬರೆದು ಕಳಿಸು. ಎಲ್ಲಿ ಹುಟ್ಟಿದರು, ಯಾರಲ್ಲಿ ಕಲಿತರು, ಏನೇನು ಬರೆದರು. ಕನ್ನಡದಲ್ಲಿ ಒಂದು ಸಣ್ಣ ಪುಸ್ತಕ ಮಾಡುತ್ತೇನೆ. ನಮ್ಮ ಹುಡುಗಿಯರಿಗೆ ಹೊರಗಿನ ಸಂಗೀತವೆಂದರೆ ಸಿನಿಮಾದ ಪಿಟೀಲು ಮಾತ್ರ ಗೊತ್ತು.

ಊರು ಮುಂದಿನ ವರ್ಷವೋ ಅದರ ಮುಂದಿನ ವರ್ಷವೋ ಏಳಬೇಕಂತೆ. ಬೀಳಗಿ ಕಡೆ ಹೊಸ ಜಾಗ ಗುರುತಿಸಿದ್ದಾರೆ. ಮನೆಗಳಿಗೆ ನಂಬರು ಬಳಿದಿದ್ದಾರೆ. ನಮ್ಮ ಮನೆಯದು ತೊಂಬತ್ತೊಂದು. ಬೇರೆ ವಿಶೇಷವಿಲ್ಲ.

ರಾಜಕ್ಕ


ಪ್ಲೊಯೆಶ್ಟಿ
೧೭ ಜನವರಿ ೧೯೯೯

ಅಕ್ಕಾ,

ನಿನ್ನ ಪುಸ್ತಕದ ಸಲುವಾಗಿ ನಾಲ್ಕು ಭಾನುವಾರ ಮೇಲಿನ ಮನೆಗೆ ಹತ್ತಿದೆ. ಮೊದಲೆರಡು ವಾರ ಚಹಾ ಕೊಟ್ಟು ಕಳಿಸಿದರು. ಮೂರನೆಯ ವಾರ ನಿನ್ನ ಬಗ್ಗೆ ಕೇಳಿದರು. ಹಾಡುವ ಅಕ್ಕ, ಎರಡು ವರ್ಷದಿಂದ ಹಾಡಿಲ್ಲ ಅಂದೆ. ಅಂದಿನಿಂದ ಮಾತು ಬಿಚ್ಚಿದ್ದಾರೆ.

ಬರೆದುಕೋ. ಹುಟ್ಟಿದ್ದು ೧೯೨೧ರಲ್ಲಿ, ಬೆಟ್ಟಗಳ ನಡುವಿನ ಹೊಳೆಯ ದಂಡೆಯ ಲುಂಕಾ ಎಂಬ ಹಳ್ಳಿಯಲ್ಲಿ. ಲುಂಕಾ ಎಂದರೆ ಹೊಳೆಸಾಲಿನ ಹುಲ್ಲುಗಾವಲು. ತಂದೆ ಚರ್ಚಿನಲ್ಲಿ ಪ್ರಾರ್ಥನೆ ಹಾಡುತ್ತಿದ್ದರು. ತಾಯಿ ಸತ್ತವರ ಮನೆಗಳಲ್ಲಿ ಅಳುವ ಹಾಡು ಹೇಳುತ್ತಿದ್ದಳು. ಹನ್ನೆರಡನೆಯ ವಯಸ್ಸಿಗೆ ಪಾದ್ರಿಯೊಬ್ಬರು ಪಟ್ಟಣಕ್ಕೆ ಕಳಿಸಿ ಪಿಟೀಲು ಕಲಿಸಿದರು. ಬುಖಾರೆಸ್ಟಿನ ಸಂಗೀತ ವಿದ್ಯಾಲಯ. ಯುದ್ಧದಲ್ಲಿ ಎರಡು ಬೆರಳಿಗೆ ಹಿಮ ಹೊಡೆದು ಪಿಟೀಲು ಕೈಬಿಟ್ಟಿತು. ಅದಕ್ಕೇ ಬರೆಯಲು ಕೂತೆ ಅಂದರು. ಮೊದಲು ಬರೆದದ್ದು ತಾಯಿಯ ಅಳುವ ಹಾಡುಗಳ ಮೇಲೆ ಪಿಟೀಲಿನ ಕೃತಿಗಳು. ಹೊಸ ಸರ್ಕಾರಕ್ಕೆ ಅವು ಹಿಡಿಸಲಿಲ್ಲ. "ಅಳು ಸಾಕು, ಕಟ್ಟುವುದರ ಬಗ್ಗೆ ಬರೆಯಿರಿ" ಎಂದರಂತೆ.

ಆಮೇಲಿನದು ನಿನಗೆ ಬಹಳ ರುಚಿಸುತ್ತದೆ. ಅವರ ಊರಿನ ಹೊಳೆಗೇ ಅಣೆಕಟ್ಟು ಕಟ್ಟಿದರು! ಅದಕ್ಕೆ ನೂರಿಪ್ಪತ್ತು ಜನ ಹಾಡುವ ಮೇಳಗೀತೆ ಬರೆದರು. ಹೆಸರು 'ಬೆಳಕಿನ ಹೊಳೆ'. ಸರ್ಕಾರದ ದೊಡ್ಡ ಬಹುಮಾನ ಬಂತು. ಇಂದಿಗೂ ವರ್ಷಕ್ಕೊಮ್ಮೆ ರೇಡಿಯೋದಲ್ಲಿ ಹಾಕುತ್ತಾರೆ. ಅದು ಬಂದರೆ ಮುದುಕರು ರೇಡಿಯೋ ಬಂದ್ ಮಾಡುತ್ತಾರೆ.

ವಿಚಿತ್ರವೆಂದರೆ ಆ ಬಹುಮಾನದ ನಂತರ ದೊಡ್ಡದೇನನ್ನೂ ಬರೆದಿಲ್ಲ. ಮಕ್ಕಳ ಹಾಡು, ಸಿನಿಮಾಕ್ಕೆ ಹಿನ್ನೆಲೆ, ಮೂವತ್ತು ವರ್ಷ ಪಾಠ. ಕಪಾಟಿನಲ್ಲಿ ಒಂದು ಹಸ್ತಪ್ರತಿ ನೋಡಿದೆ. ಹೆಸರು ಬರಿಯ 'ಹತ್ತೊಂಬತ್ತು'. ಇದೇನು ಎಂದು ಕೇಳಿದ್ದಕ್ಕೆ ಕಪಾಟು ಮುಚ್ಚಿ ಕೀಲಿ ಹಾಕಿದರು.

ನಿನಗೊಂದು ಪ್ರಶ್ನೆ ಕಳಿಸಿದ್ದಾರೆ: ಊರು ಹೋಗುವ ಹೊಸ ಜಾಗದ ಮಣ್ಣು ಯಾವ ತರದ್ದು? ನಗಬೇಡ. ಮಣ್ಣು ಕೊರೆಯುವ ಎಂಜಿನಿಯರ್ ನಾನು, ಪ್ರಶ್ನೆ ಕೇಳುವವರು ಅವರು.

ಯಲ್ಲಾಲಿಂಗ


ಜಮಖಂಡಿ
೯ ಮಾರ್ಚ್ ೧೯೯೯

ಪ್ರೀತಿಯ ತಮ್ಮನಿಗೆ,

ಇಂಥ ಯೋಗಾಯೋಗ ಉಂಟೇ? ನಿನ್ನ ಪತ್ರ ಬಂದ ವಾರವೇ ಪುನರ್ವಸತಿ ಕೆಲಸದ ಪರಮಾನಂದ ಸಾಹೇಬರು ನಮ್ಮ ಸಾಲೆಗೆ ಬಂದಿದ್ದರು. ಜನ ಊರು ಬಿಡಲು ಒಪ್ಪುತ್ತಿಲ್ಲ. ನೋಟೀಸು ಹರಿದು ಒಲೆಗೆ ಹಾಕುತ್ತಾರೆ.

"ಅಕ್ಕೋರ, ನಮ್ಮ ಮಾತು ಯಾರೂ ಕೇಳೂದಿಲ್ಲರೀ. ನೀವು ಆ ಊರಿನ ಮಗಳು. ಹೆಣ್ಮಕ್ಕಳನ್ನ ಕೂಡಿಸಿ ಒಂದು ಮೇಳಾ ಕಟ್ರಿ. ಹೊಸ ಊರಿನ ಮ್ಯಾಲ ಪದಾ ಹಾಡಸ್ರಿ. ಜನಾ ಬರ್ತಾರ," ಎಂದರು.

ಒಪ್ಪಿಕೊಂಡೆ. ವಾರಕ್ಕೆರಡು ದಿನ ಬಸ್ಸಿನಲ್ಲಿ ಊರಿಗೆ ಹೋಗುತ್ತೇನೆ. ಇಪ್ಪತ್ತಾರು ಹೆಂಗಸರು ಕೂಡಿದ್ದಾರೆ. ಹಳೆಯ ಬೀಸುವ ಪದದ ಧಾಟಿಗೆ ಹೊಸ ಮಾತು ಹೊಂದಿಸಿದ್ದೇನೆ. ತಮ್ಮಾ, ನಾನು ಮತ್ತೆ ಹಾಡುತ್ತಿದ್ದೇನೆ. ಮೊನ್ನೆ ಮನೆಗೆ ಬಂದು ತಂಬೂರಿಯ ಗವಸು ತೆಗೆದೆ.

ಹೊಸ ಜಾಗ ನೋಡಿಕೊಂಡು ಬಂದೆವು. ಎರಿ ಭೂಮಿ, ಕಾಡಿಗೆಯ ಹಾಗೆ ಕಪ್ಪು. ತುಸು ತಗ್ಗು. ಬಾವಿ ತೋಡಿದ್ದಾರೆ, ಹತ್ತು ಮೊಳಕ್ಕೇ ನೀರು ಬಿದ್ದಿದೆ. ಹಳೆಯ ಊರಿನಲ್ಲಿ ಬೇಸಗೆಗೆ ಹೊಳೆಯ ಉಸುಕು ತೋಡಿ ನೀರು ತರುತ್ತಿದ್ದ ಹೆಂಗಸರು ಇದನ್ನು ನೋಡಿ ಕುಣಿದಾಡಿದರು. ತೋಮಾ ಅವರಿಗೆ ಇದನ್ನು ಹೇಳು. 'ಬೆಳಕಿನ ಹೊಳೆ'ಯನ್ನು ಅವರು ಹೇಗೆ ಆರಂಭಿಸಿದರು, ಜನ ಹೇಗೆ ಒಪ್ಪಿದರು, ಎಲ್ಲ ಕೇಳಿ ಬರೆ. ನನಗೆ ಗುರು ಸಿಕ್ಕಂತಾಯಿತು.

ರಾಜಕ್ಕ


ಪ್ಲೊಯೆಶ್ಟಿ
೩೦ ಮೇ ೧೯೯೯

ಅಕ್ಕಾ,

ನಿನ್ನ ಪತ್ರವನ್ನು ರೊಮೇನಿಯನ್ ಭಾಷೆಗೆ ತಿರುಗಿಸಿ ಓದಿ ಹೇಳಿದೆ. ಬಾವಿಯ ಮಾತಿಗೆ ನಿಲ್ಲಿಸಲು ಹೇಳಿ ಅದೊಂದನ್ನೇ ಮತ್ತೆ ಓದಿಸಿದರು. ಮರುದಿನ ಒಂದು ಕ್ಯಾಸೆಟ್ಟು ತಂದು ಕೈಗಿಟ್ಟು, "ಇದು ನಿನ್ನ ಅಕ್ಕನಿಗೆ. ಎರಡೂ ಮಗ್ಗುಲು. ಒಂದು ಮಾತೂ ಬಿಡದೆ ಅವಳ ಭಾಷೆಗೆ ಬರೆ," ಎಂದರು. ನಿನಗೆ ಬೇಕಾದ ಭಾಗ ಇಲ್ಲಿದೆ:

"ಅಮ್ಮಾ, ನಮ್ಮ ಊರಿನವರು ಸಮಾಧಿಗಳನ್ನು ಬಿಟ್ಟು ಬರುವುದಿಲ್ಲ ಎಂದರು. ನಾನು ರಾಜಧಾನಿಯಿಂದ ಹೋದೆ. ಚರ್ಚಿನ ಅಂಗಳದಲ್ಲಿ ಅವರನ್ನು ನಿಲ್ಲಿಸಿ ನನ್ನ ಮೇಳಗೀತೆಯ ಮೊದಲ ಭಾಗ ಕಲಿಸಿದೆ. ನಮ್ಮ ತಾಯಂದಿರ ಧಾಟಿಯೇ ಅದರೊಳಗಿತ್ತು. ಅವರಿಗೆ ಅದು ಸರ್ಕಾರದ ಹಾಡು ಅನ್ನಿಸಲಿಲ್ಲ, ಮನೆಯ ಹಾಡು ಅನ್ನಿಸಿತು. ಮೂರು ತಿಂಗಳಲ್ಲಿ ಇಡೀ ಊರು ಹಾಡುತ್ತ ಎತ್ತಿನ ಗಾಡಿ ಹೂಡಿತು. ಎಲ್ಲರಿಗಿಂತ ಮುಂದೆ ನನ್ನ ತಂಗಿ ಇಲಿಯಾನಾ ಇದ್ದಳು. ಹಾಡಿಗೆ ಎಂಥ ಬಲವಿದೆ ಎಂದು ನನಗೆ ಅಂದು ಗೊತ್ತಾಯಿತು."

ಇದು ಒಂದನೆಯ ಮಗ್ಗುಲು. ಎರಡನೆಯದು ಮುದುಕರ ಗೊಣಗಾಟ. ತಂಗಿಯ ನೆನಪು, ಹಳೆಯ ಸಂಕಟ. ನಿನ್ನ ಪುಸ್ತಕಕ್ಕೆ ಬೇಡವೆಂದು ಬಿಟ್ಟಿದ್ದೇನೆ. ನೀನು ಹಾಡುತ್ತಿರುವುದು ಕೇಳಿ ನನಗೆ ಎಷ್ಟು ಸಮಾಧಾನವಾಯಿತು ಅಂದರೆ ಎಲೆನಾ ಅಂದು ಪಾಯಸ ಮಾಡಿದಳು.

ಯಲ್ಲಾಲಿಂಗ


ಜಮಖಂಡಿ
೨೧ ಫೆಬ್ರವರಿ ೨೦೦೦

ಪ್ರೀತಿಯ ತಮ್ಮನಿಗೆ,

ತಿಂಗಳುಗಟ್ಟಲೆ ಬರೆಯಲಿಲ್ಲವೆಂದು ಬೇಸರಪಡಬೇಡ. ಊರು ಎದ್ದಿತು. ನೂರಾ ನಲವತ್ತು ಮನೆ. ಕಬ್ಬು ಸಾಗಿಸುವ ಟ್ರ್ಯಾಕ್ಟರುಗಳನ್ನು ಮುಧೋಳದಿಂದ ತರಿಸಿದ್ದರು. ತೊಟ್ಟಿಲು, ಬೀಸುಕಲ್ಲು, ಬಾಗಿಲು ಕಿತ್ತ ಚೌಕಟ್ಟು, ಕೋಳಿಬುಟ್ಟಿ ಎಲ್ಲ ಹೇರಿದರು. ನಮ್ಮ ಮೇಳ ಮುಂದೆ ನಡೆಯಿತು. ತೋಮಾ ಅವರು ಹೇಳಿದ ಹಾಗೆಯೇ ಆಯಿತು ನೋಡು. ಊರಿನ ಹಿರಿಯರೊಬ್ಬರು ಕೈಮುಗಿದು, "ನಿಮ್ಮ ಹಾಡಿಗೆ ಬಂದ್ವಿ ಅಕ್ಕೋರ," ಎಂದರು.

ಕಡೆಯವರೆಗೆ ಹಟ ಹಿಡಿದಿದ್ದವಳು ಗುರುಬಸವ್ವ, ನಮ್ಮ ಸೋದರತ್ತೆಯ ಮಗಳು. ನಿನಗೆ ನೆನಪಿರಬೇಕು. ನೀನು ಆ ದೇಶಕ್ಕೆ ಹೋದ ಮೇಲೆ ಅದೇ ಊರಿನ ಗಿರಿಮಲ್ಲಪ್ಪನಿಗೆ ಕೊಟ್ಟರು. ಮನೆಯ ಕಟ್ಟೆ ಬಿಟ್ಟು ಇಳಿಯಲಿಲ್ಲ. ನಾನು ಹೋಗಿ ಪಕ್ಕಕ್ಕೆ ಕೂತೆ.

"ಕಚೇರಿಯವರು ಸಾವಿರ ಹೇಳಲಿ, ನಾ ಬರೂದಿಲ್ಲ. ನೀ ಹೇಳ ರಾಜೀ. ಅಲ್ಲಿ ಛಲೋ ಐತೇನು?" ಎಂದಳು.

"ಛಲೋ ಐತಿ," ಎಂದೆ.

"ಖರೆ?"

"ಖರೆ."

ಕೈ ಹಿಡಿದುಕೊಂಡು ಎದ್ದಳು. ಈಗ ಮೇಳದಲ್ಲಿ ಅವಳದೇ ಮೊದಲ ದನಿ.

ಹೊಸ ಊರಿನ ಬಾವಿಯಲ್ಲಿ ನೀರು ಇನ್ನೂ ಮೇಲೆ ಬಂದಿದೆ, ಹಗ್ಗವೇ ಬೇಕಿಲ್ಲ. ಬಗ್ಗಿ ಕೊಡ ಅದ್ದಬಹುದು. ಗೌಂಡಿ ಮುರಗೆಪ್ಪ ಮಾತ್ರ, "ಬುನಾದಿಗೆ ಗಟ್ಟಿ ಹತ್ತವಲ್ದರೀ. ಹಾರೀ ಹಾಕಿದ್ರ ಬೆಣ್ಣ್ಯಾಗ ಹೋದಂಗ ಹೊಕ್ಕೇತಿ," ಅಂತ ತಲೆ ಅಲ್ಲಾಡಿಸುತ್ತಾನೆ. ಅವನು ಮೊದಲಿನಿಂದಲೂ ಹೀಗೆಯೇ. ಸಮುದಾಯ ಭವನ ಕಟ್ಟಿ ಮುಗಿದಿದೆ, ನಮ್ಮ ಅಭ್ಯಾಸ ಅಲ್ಲೇ. ಆಗಸ್ಟಿನಲ್ಲಿ ದೊಡ್ಡ ಸಮಾರಂಭ. ಮೇಳಕ್ಕೆ ರಬಕವಿಯಲ್ಲಿ ಒಂದೇ ಬಣ್ಣದ ಸೀರೆ ನೇಯಿಸುತ್ತಿದ್ದೇವೆ.

ರಾಜಕ್ಕ


ಪ್ಲೊಯೆಶ್ಟಿ
೧೯ ಮಾರ್ಚ್ ೨೦೦೦

ಅಕ್ಕಾ,

ನಿನ್ನ ಪತ್ರ ತೋಮಾ ಅವರಿಗೆ ಓದಿ ಹೇಳಿದೆ. "ಆಕೆ ನನ್ನ ಕ್ಯಾಸೆಟ್ಟಿನದು ಎಲ್ಲ ಓದಿದಳಾ?" ಎಂದರು. ಹೌದು ಅಂದೆ. "ಓದಿಯೂ ಕರೆದುಕೊಂಡು ಹೋದಳಾ?" ಎಂದರು. ಮತ್ತೆ ನನ್ನ ಜೊತೆ ಮಾತಾಡಿಲ್ಲ. ಭಾನುವಾರ ಹೋದರೆ ಬಾಗಿಲು ತೆಗೆಯುವುದಿಲ್ಲ. ವಯಸ್ಸಾಯಿತಲ್ಲ, ಮನಸ್ಸು ಒಂದೊಂದು ಹೊತ್ತು ಒಂದೊಂದು ಥರ.

ಸುಮ್ಮನೆ ಕೇಳುತ್ತೇನೆ, ಹೊಸ ಮನೆಗಳ ಗೋಡೆಗಳು ಬಿರುಕು ಬಿಟ್ಟಿವೆಯಾ? ಬಿಟ್ಟಿದ್ದರೆ ಅಡ್ಡವೋ ಉದ್ದವೋ? ಬಾಗಿಲು ಕಿಟಕಿ ಸರಿಯಾಗಿ ಮುಚ್ಚುತ್ತವೆಯಾ? ಎರಿ ಮಣ್ಣು ನೀರು ಕುಡಿದರೆ ಉಬ್ಬುತ್ತದೆ, ಅದಕ್ಕೆ ಕೇಳಿದೆ. ಕಟ್ಟಿದವರು ಪರೀಕ್ಷೆ ಮಾಡಿಯೇ ಇರುತ್ತಾರೆ, ಗಾಬರಿ ಬೇಡ.

ಯಲ್ಲಾಲಿಂಗ


ಜಮಖಂಡಿ
೧೪ ಮೇ ೨೦೦೦

ಪ್ರೀತಿಯ ತಮ್ಮನಿಗೆ,

ತೋಮಾ ಅವರು ಯಾಕೆ ಸಿಟ್ಟಾದರು? ನನ್ನಿಂದ ತಪ್ಪು ಆಗಿದ್ದರೆ ಹೇಳು, ಕ್ಷಮೆ ಕೇಳಿ ಬರೆಯುತ್ತೇನೆ.

ಬಿರುಕು ಅಲ್ಲಲ್ಲಿ ಇವೆ. ಬಿಸಿಲಿಗೆ ಗೋಡೆಗೆ ಮೆತ್ತಿದ ಗಿಲಾಯ ಬಿಟ್ಟಿದೆ, ಮಳೆಗಾಲ ಮುಗಿದ ಮೇಲೆ ಮೆತ್ತಿಸುತ್ತೇವೆ ಎಂದು ಸಾಹೇಬರು ಹೇಳಿದ್ದಾರೆ. ಭವನದ ಬಾಗಿಲು ಸ್ವಲ್ಪ ತಿಕ್ಕುತ್ತದೆ, ಭುಜ ಕೊಟ್ಟು ದೂಡಬೇಕು. ಅದನ್ನು ನೋಡಿ ಹೆಂಗಸರು ನಗುತ್ತಾರೆ. ಅಷ್ಟೇ.

ನಮ್ಮ ಸಾಲೆಯ ಶೀತಲ ಎಂಬ ಹುಡುಗಿಯನ್ನೂ ಮೇಳಕ್ಕೆ ಸೇರಿಸಿದ್ದೇನೆ. ಬನಹಟ್ಟಿಯವಳು. ಮಗ್ಗದ ಸದ್ದಿನಲ್ಲಿ ಬೆಳೆದವಳು, ತಾಳ ಒಂದಿಷ್ಟೂ ತಪ್ಪುವುದಿಲ್ಲ.

ರಾಜಕ್ಕ


ಪ್ಲೊಯೆಶ್ಟಿ
೨೪ ಜೂನ್ ೨೦೦೦

ಅಕ್ಕಾ,

ನಿನ್ನ ಸಾಲೆಗೆ ನಾಲ್ಕು ದಿನ ಫೋನು ಹಚ್ಚಿದೆ. ಒಮ್ಮೆ ಯಾರೋ ಎತ್ತಿ "ಇವತ್ತ ರಜಾ ಐತ್ರಿ" ಎಂದು ಇಟ್ಟರು. ಈ ಪತ್ರ ಕೈಗೆ ಬಂದ ಕೂಡಲೆ ಆ ಭವನದಲ್ಲಿ ಅಭ್ಯಾಸ ನಿಲ್ಲಿಸು. ಬಾಗಿಲು ತಿಕ್ಕುವುದು ನಗುವ ಮಾತಲ್ಲ. ಗೋಡೆ ಮಣ್ಣಿನೊಳಗೆ ಇಳಿಯುತ್ತಿದೆ, ಚೌಕಟ್ಟು ಸೊಟ್ಟಗಾಗಿದೆ ಎಂದು ಅರ್ಥ. ಬಯಲಿನಲ್ಲಿ ಹಾಡಿಸು, ಬೇವಿನ ಗಿಡದ ಕೆಳಗೆ ಹಾಡಿಸು. ಕಾರಣ ಆಮೇಲೆ ಬರೆಯುತ್ತೇನೆ. ಗುರುಬಸವ್ವನಿಗೂ ಹೇಳು.

ಯಲ್ಲಾಲಿಂಗ


ಜಮಖಂಡಿ
೨ ಆಗಸ್ಟ್ ೨೦೦೦

ಯಲ್ಲಾಲಿಂಗನಿಗೆ,

ಜುಲೈ ಹದಿನಾಲ್ಕು, ಶುಕ್ರವಾರ. ಮೂರು ದಿನದಿಂದ ಮಳೆ ಹಿಡಿದಿತ್ತು. ಹಿನ್ನೀರು ಗೋಮಾಳದವರೆಗೆ ಬಂದಿತ್ತು. ಸಂಜೆ ನಾಲ್ಕಕ್ಕೆ ಅಭ್ಯಾಸಕ್ಕೆ ಕೂಡಿದೆವು. ರಬಕವಿಯ ಸೀರೆಗಳು ಅಂದೇ ಬಂದಿದ್ದವು. ಕೆಲವರು ಉಟ್ಟು ನೋಡುತ್ತಿದ್ದರು. ಬೀಳಗಿಯ ಬಸ್ಸು ಬಂತೇನೋ ಎಂದು ನಾನು ಹೊರಗೆ ಹೋಗಿ ನಿಂತೆ. ಒಳಗೆ ಗುರುಬಸವ್ವ ಹಾಡು ಎತ್ತಿಕೊಂಡಳು. ಎರಡು ಸಾಲು ಕೇಳಿಸಿತು. ಮೂರನೆಯ ಸಾಲಿಗೆ ಪಡುವಣದ ಗೋಡೆ ಒಳಗೆ ಬಿತ್ತು.

ಗುರುಬಸವ್ವ. ಶಿವವ್ವ. ಶೀತಲ.

ಏಳು ಮಂದಿಯನ್ನು ಮುಧೋಳಕ್ಕೆ ಒಯ್ದರು, ಬದುಕಿಕೊಂಡಿದ್ದಾರೆ. ಶೀತಲಳ ತಾಯಿ ಅಂಜನಾ ಬನಹಟ್ಟಿಯಿಂದ ಬಂದು ನನ್ನ ಮುಖ ನೋಡಿದಳು. ಬೈಯಲಿಲ್ಲ. ಬೈದಿದ್ದರೆ ಆಗುತ್ತಿತ್ತು.

ನಿನಗೊಂದು ಮಾತು ಹೇಳದೆ ಮುಚ್ಚಿಟ್ಟಿದ್ದೆ. ಮೊದಲು ಕಳಿಸಿದ ಕ್ಯಾಸೆಟ್ಟಿನಲ್ಲಿ ಹಾಡಿದವಳು ಗುರುಬಸವ್ವನೇ. "ಯಾರಂತ ಬರೀಬ್ಯಾಡ, ಆಂವಗ ಗುರ್ತ ಹತ್ತತೈತೇನು ನೋಡೂಣು," ಎಂದಿದ್ದಳು. ನಿನಗೆ ಹತ್ತಲಿಲ್ಲ ಎಂದು ಅವಳಿಗೆ ಹೇಳಲು ಮನಸ್ಸಾಗಲಿಲ್ಲ. ಪತ್ರವೇ ಬಂದಿಲ್ಲ ಎಂದೆ.

ನಿನ್ನ ಜೂನಿನ ಪತ್ರ ಜುಲೈ ಹದಿನೇಳಕ್ಕೆ ಬಂತು. ಮಣ್ಣು ಕೊಟ್ಟ ಮೂರನೆಯ ದಿನ ಅದನ್ನು ಒಡೆದೆ. ಭವನದಲ್ಲಿ ಹಾಡಿಸಬೇಡ ಎಂದು ಬರೆದಿದ್ದೀ. ಸಾವಿರಾರು ಮೈಲಿ ದೂರ ಕೂತವನಿಗೆ ಇದು ಹೇಗೆ ಗೊತ್ತಿತ್ತು?

ರಾಜಶ್ರೀ


ಪ್ಲೊಯೆಶ್ಟಿ
೨೫ ಆಗಸ್ಟ್ ೨೦೦೦

ಅಕ್ಕಾ,

ಅಕ್ಕ ಎನ್ನಲು ಬಾಯಿಲ್ಲ, ಆದರೂ ಬರೆಯುತ್ತೇನೆ.

ನಾನು ಬಿಟ್ಟ ಎರಡನೆಯ ಮಗ್ಗುಲು ಇಲ್ಲಿದೆ. ಒಂದು ಮಾತೂ ಬಿಟ್ಟಿಲ್ಲ.

"ಅಮ್ಮಾ, ಇಲ್ಲಿಯವರೆಗಿನ ಕಥೆಯನ್ನು ನಾನು ನಲವತ್ತು ವರ್ಷದಿಂದ ಎಲ್ಲರಿಗೂ ಹೇಳಿದ್ದೇನೆ. ಮುಂದಿನದನ್ನು ಯಾರಿಗೂ ಹೇಳಿಲ್ಲ. ಹೊಸ ಊರು ಬೆಟ್ಟದ ಬುಡದಲ್ಲಿತ್ತು. ಜಲಾಶಯ ತುಂಬುತ್ತ ಬಂದಂತೆ ಬಾವಿಗಳಲ್ಲಿ ನೀರು ಏರಿತು. ಇಲಿಯಾನಾ ಸಂತೋಷದಿಂದ ಬರೆದಳು: ಅಣ್ಣಾ, ಈಗ ಬಗ್ಗಿ ನೀರು ತೆಗೆದುಕೊಳ್ಳುತ್ತೇವೆ. ಆಮೇಲೆ ಬಾಗಿಲುಗಳು ಮುಚ್ಚದಾದವು ಎಂದು ಬರೆದಳು. ನಾನು ಬಹುಮಾನದ ಗಡಿಬಿಡಿಯಲ್ಲಿದ್ದೆ. ೧೯೫೮ರ ಏಪ್ರಿಲಿನ ಒಂದು ಭಾನುವಾರ ನೆನೆದ ಮಣ್ಣು ಬೆಟ್ಟದಿಂದ ಜಾರಿ ಒಂದು ಓಣಿಯನ್ನು ಮುಚ್ಚಿತು. ಹತ್ತೊಂಬತ್ತು ಜನ. ಇಲಿಯಾನಾ, ಅವಳ ಇಬ್ಬರು ಮಕ್ಕಳು. ನಾಲ್ಕು ವಾರಕ್ಕೆ ಅಣೆಕಟ್ಟಿನ ಉದ್ಘಾಟನೆ ಇತ್ತು. ಅಧಿಕಾರಿಯೊಬ್ಬ ಬಂದು, ಇದು ಮಳೆಯಿಂದ ಆದದ್ದು, ನೀವು ಹಾಡಿಸಿದರೆ ಜನ ಶಾಂತರಾಗುತ್ತಾರೆ ಎಂದ. ನಾನು ಕರಿಯ ಕೋಟು ಹಾಕಿಕೊಂಡು ನಿಂತು ಹಾಡಿಸಿದೆ. ನನ್ನ ಹಾಡು ನಂಬಿ ಇನ್ನೂ ಎರಡು ಊರು ಅದೇ ಇಳಿಜಾರಿಗೆ ಹೋದವು. ಹತ್ತೊಂಬತ್ತು ದನಿಗಳಿಗೆ ಒಂದು ಕೃತಿ ಬರೆದು ಕಪಾಟಿನಲ್ಲಿಟ್ಟೆ, ಅಷ್ಟೇ ನಾನು ಮಾಡಿದ್ದು. ನಿಮ್ಮ ಬಾವಿಯ ನೀರು ಹತ್ತಿರ ಬರುತ್ತಿದ್ದರೆ ಹಾಡು ನಿಲ್ಲಿಸಿ. ಮೊದಲು ಮಣ್ಣು ಪರೀಕ್ಷೆ ಮಾಡಿಸಿ. ನಿಮ್ಮ ತಮ್ಮನಿಗೆ ಮಣ್ಣು ಗೊತ್ತು."

ಇದನ್ನು ಯಾಕೆ ಬಿಟ್ಟೆ? ಎರಡು ವರ್ಷದ ಮೇಲೆ ನೀನು ತಂಬೂರಿಯ ಗವಸು ತೆಗೆದೆ ಎಂದು ಬರೆದಿದ್ದೆ. ಅದನ್ನು ಮತ್ತೆ ಹಾಕಿಸಲು ಮನಸ್ಸಾಗಲಿಲ್ಲ. ಸರ್ಕಾರದ ಎಂಜಿನಿಯರುಗಳು ನೋಡಿಯೇ ಇರುತ್ತಾರೆ ಎಂದು ನನಗೆ ನಾನೇ ಹೇಳಿಕೊಂಡೆ. ಎರಿ ಮಣ್ಣು, ತಗ್ಗು, ಹತ್ತು ಮೊಳಕ್ಕೆ ನೀರು. ಈ ಮೂರು ಮಾತು ಯಾವ ಕೂಲಿಯವನು ಹೇಳಿದ್ದರೂ ನಾನು ಕೆಲಸ ನಿಲ್ಲಿಸುತ್ತಿದ್ದೆ. ನೀನು ಬರೆದಾಗ ಸುಮ್ಮನಿದ್ದೆ.

ಗುರುಬಸವ್ವನ ದನಿ ನನಗೆ ಮೊದಲ ಸಾಲಿಗೇ ಗುರುತು ಹತ್ತಿತ್ತು. ಅದಕ್ಕೇ ಮೂರು ಸಲ ಹಾಕಿದ್ದು. ಅವಳಿಗೆ ಮದುವೆಯ ಮಾತು ಕೊಟ್ಟು ಮುರಿದು ಬಂದವನು, ಯಾವ ಮುಖದಿಂದ ಹೆಸರು ಬರೆಯಲಿ ಎಂದು ಗೊತ್ತಿಲ್ಲದವನ ಹಾಗೆ ಬರೆದೆ.

ನಿನ್ನೆ ತೋಮಾ ಅವರ ಬಾಗಿಲು ಬಡಿದು ಎಲ್ಲ ಹೇಳಿದೆ. "ಎಲ್ಲಿಗೆ ನಿಲ್ಲಿಸಿದೆ?" ಎಂದು ಕೇಳಿದರು. ಹಾಡಿಗೆ ಎಂಥ ಬಲವಿದೆ ಎಂಬಲ್ಲಿಗೆ ಅಂದೆ. "ನಾನೂ ಯಾವಾಗಲೂ ಅಲ್ಲಿಗೇ ನಿಲ್ಲಿಸುತ್ತಿದ್ದೆ," ಎಂದು ಬಾಗಿಲು ಹಾಕಿಕೊಂಡರು.

ಯಲ್ಲಾಲಿಂಗ


ಹೊಸ ಶೆಟ್ಟಿಹಾಳ
೫ ನವೆಂಬರ್ ೨೦೦೦

ಯಲ್ಲಾಲಿಂಗನಿಗೆ,

ವಿಳಾಸ ನೋಡಿಕೋ. ಜಮಖಂಡಿಯ ಮನೆಗೆ ಕೀಲಿ ಹಾಕಿ ಇಲ್ಲಿಗೆ ಬಂದಿದ್ದೇನೆ. ಗಿರಿಮಲ್ಲಪ್ಪನ ಪಡಸಾಲೆಯಲ್ಲಿ ಇದ್ದೇನೆ. ಅಡಿಗೆ ಮಾಡುವವರಿಲ್ಲದ ಮನೆ ಅದು.

ನಿನ್ನ ಪತ್ರ ಬಂದ ವಾರ ಸಾಹೇಬರು ಬಂದರು. "ಆಗಿದ್ದು ಆಗೇತ್ರಿ ಅಕ್ಕೋರ. ಅತಿವೃಷ್ಟಿ. ಯಾರ ಕೈಯಾಗ ಐತಿ? ಹೊಳೀ ಆಚೀಕಡೆ ಎರಡು ಊರು ಇನ್ನ ಏಳಬೇಕು. ಜನಾ ಅಂಜ್ಯಾರ. ನೀವು ನಿಂತು ಹಾಡಿಸಿದ್ರ ಸಮಾಧಾನ ಆಗ್ತಾರ," ಎಂದರು. ತೋಮಾ ಅವರಿಗೆ ಆ ಅಧಿಕಾರಿ ಹೇಳಿದ ಮಾತನ್ನೇ ಹೇಳಿದರು. ಇಬ್ಬರೂ ಒಂದೇ ಸಾಲೆಯಲ್ಲಿ ಕಲಿತವರ ಹಾಗೆ.

ಹೂಂ ಎಂದೆ. ಆಚೆಯ ಊರಿನ ಗುಡಿಯ ಮುಂದೆ ಸಭೆ ಕೂಡಿತು. ಮೇಳದ ಹದಿನಾರು ಮಂದಿ ನನ್ನ ಹಿಂದೆ ನಿಂತರು. ಗಿರಿಮಲ್ಲಪ್ಪನೂ ಬಂದಿದ್ದ. ಮೈಕು ಕೈಗೆ ಕೊಟ್ಟರು. ಅವನು ಕೂತಲ್ಲಿಂದಲೇ ಕೇಳಿದ: "ನಮ್ಮನ್ನ ಹಾಡಿ ಕರಕೊಂಡು ಹೋದ್ರಿ. ಈಗ ಇವರ್ನ ಏನ್ ಹಾಡಿ ಕರೀತೀರಿ?"

ನಾನು ಹಾಡಲಿಲ್ಲ. ತೋಮಾ ಅವರ ಎರಡನೆಯ ಮಗ್ಗುಲನ್ನು ನಮ್ಮ ಮಾತಿನಲ್ಲಿ ಓದಿದೆ. ಮೊದಲಿನಿಂದ ಕಡೆಯವರೆಗೆ. ಹತ್ತೊಂಬತ್ತು ಜನ ಎಂದಾಗ ಮೈಕು ಬಂದ್ ಮಾಡಿಸಿದರು. ಉಳಿದದ್ದನ್ನು ಕೂಗಿ ಓದಿದೆ. ಕಡೆಗೆ, "ನಿಮಗ ತೋರಿಸಿದ ಜಾಗಾದಾಗ ಬಾವಿ ನೋಡ್ರಿ. ನೀರು ಹತ್ರ ಬಂದಿದ್ರ ಹೋಗಬ್ಯಾಡ್ರಿ. ಗುರುಬಸವ್ವಗ ಛಲೋ ಐತಿ ಅಂದಾಕಿ ನಾನಽ," ಎಂದೆ.

ಆ ಊರಿನವರು ಗರಸುಕಲ್ಲಿನ ಗಟ್ಟಿ ದಿಬ್ಬ ಕೊಟ್ಟರೆ ಮಾತ್ರ ಏಳುತ್ತೇವೆ ಎಂದು ಕೂತಿದ್ದಾರೆ. ಇನ್ನೊಂದು ಊರಿನವರು ನನ್ನನ್ನು ಬಸ್ಸಿನಿಂದ ಇಳಿಯಗೊಡಲಿಲ್ಲ. ಸಾಲೆಯಿಂದ ಅಮಾನತಿನ ಕಾಗದ ಬಂದಿದೆ. ಆದರೆ ಇಲ್ಲಿ, ಹೊಸ ಶೆಟ್ಟಿಹಾಳದಲ್ಲಿ, ನೂರಾ ನಲವತ್ತು ಮನೆ ಅದೇ ತಗ್ಗಿನಲ್ಲಿವೆ. ನಾನು ಮಣ್ಣಿನ ಮಾತು ಆಡಿದರೆ, ಹಾಡಿನ ಅಕ್ಕೋರಿಗೆ ಇದೇನು ಗೊತ್ತು ಎನ್ನುತ್ತಾರೆ.

ನಿನಗೆ ಗೊತ್ತು. ಮುಂದಿನ ಮಳೆಯೊಳಗೆ ಬಂದು ಎಲ್ಲರ ಮುಂದೆ ನಿಂತು ಹೇಳು. ಬರದಿದ್ದರೆ ಪತ್ರ ಬರೆಯಬೇಡ.

ರಾಜಶ್ರೀ


ಪ್ಲೊಯೆಶ್ಟಿ
೨೮ ಜನವರಿ ೨೦೦೧

ಅಕ್ಕಾ,

ಫೆಬ್ರವರಿ ಹನ್ನೊಂದಕ್ಕೆ ಮುಂಬಯಿ. ಅಲ್ಲಿಂದ ಬಿಜಾಪುರ, ಅಲ್ಲಿಂದ ಬಸ್ಸು. ಕೈಯಿಂದ ತಿರುಗಿಸಿ ಮಣ್ಣು ಕೊರೆಯುವ ಬೈರಿಗೆ ತರುತ್ತಿದ್ದೇನೆ. ತೋಮಾ ಅವರು ಮೆಟ್ಟಿಲು ಇಳಿದು ನಮ್ಮ ಮನೆಗೆ ಬಂದು, "ಮೆಲ್ಲಗೆ ಹೇಳಬೇಡ," ಎಂದರು. ಈ ಪತ್ರಕ್ಕಿಂತ ನಾನೇ ಮೊದಲು ಮುಟ್ಟಬಹುದು.

ಯಲ್ಲಾಲಿಂಗ


ಹೊಸ ಶೆಟ್ಟಿಹಾಳದ ದಿಬ್ಬ
೯ ಸೆಪ್ಟೆಂಬರ್ ೨೦೦೧

ಯಲ್ಲಾಲಿಂಗನಿಗೆ,

ಈ ಪತ್ರವನ್ನು ತೋಮಾ ಅವರಿಗೆ ಪೂರ್ತಿ ಓದಿ ಹೇಳು.

ತೋಮಾ ಅವರೇ, ನನ್ನ ತಮ್ಮ ಬಂದು ಹನ್ನೆರಡು ದಿನ ಇದ್ದ. ಊರ ನಡುವೆ ಮೂರು ಕಡೆ ನೆಲ ಕೊರೆದ. ಜನ ಸುತ್ತ ನಿಂತಿದ್ದರು. ಎರಡೂವರೆ ಮೊಳಕ್ಕೆ ಬೈರಿಗೆಯಿಂದ ನೀರು ಸುರಿಯಿತು. ಒದ್ದೆ ಮಣ್ಣಿನ ಉಂಡೆ ಮಾಡಿ ಒಬ್ಬೊಬ್ಬರ ಕೈಗೆ ಕೊಟ್ಟ. ಸಾಹೇಬರು, "ನೀವು ಪರದೇಶದವರು, ನಿಮಗ ಇಲ್ಲೀದೇನ್ ಗೊತ್ತರೀ?" ಎಂದರು. "ನಾ ಇದಽ ಊರಾಂವರೀ, ತೊಂಬತ್ತೊಂದನೇ ನಂಬರ್ ಮನಿ," ಎಂದ. ಆಮೇಲೆ ಗಿರಿಮಲ್ಲಪ್ಪನ ಕಡೆ ತಿರುಗಿ, ಎಲ್ಲ ತನಗೆ ಒಂದು ವರ್ಷ ಮೊದಲೇ ಗೊತ್ತಿತ್ತು, ಹೇಳಲಿಲ್ಲ ಎಂದ. ಗಿರಿಮಲ್ಲಪ್ಪ ಎದ್ದು ಹೋದ. ಇಂದಿಗೂ ನನ್ನ ತಮ್ಮನ ಹೆಸರೆತ್ತುವುದಿಲ್ಲ. ಆದರೆ ಮರುದಿನ ಮೊದಲು ತನ್ನ ಮನೆಯ ತಗಡು ಕಿತ್ತವನು ಅವನೇ.

ಕಚೇರಿ ಏನೂ ಕೊಡಲಿಲ್ಲ. ಜನರೇ ದಿಬ್ಬದ ಗರಸಿನ ಮೇಲೆ ತಗಡಿನ ಶೆಡ್ಡು ಹಾಕಿಕೊಂಡರು. ಜುಲೈವರೆಗೆ ತೊಂಬತ್ತು ಮನೆಯವರು ಹತ್ತಿದರು. ಉಳಿದವರನ್ನು ಹತ್ತಿಸಲು ಮುರಗೆಪ್ಪನೂ ನಾನೂ ದಿನಾ ಮನೆಮನೆಗೆ ಹೋದೆವು. ಬೈಗಳು ತಿಂದೆವು. ಹಿನ್ನೀರು ಗೋಮಾಳ ದಾಟಿದ ದಿನ ಕಡೆಯ ನಾಲ್ಕು ಮನೆಯವರು ಮಕ್ಕಳನ್ನು ಹೊತ್ತು ಬಂದರು.

ಆಗಸ್ಟ್ ಹದಿನೆಂಟು, ಶನಿವಾರ, ಮಧ್ಯಾಹ್ನದ ಊಟದ ಹೊತ್ತು. ನಾನು ರೊಟ್ಟಿ ಬಡಿಯುತ್ತಿದ್ದೆ. ಕೆಳಗೆ ಒಂದು ಗೋಡೆ ಬಿದ್ದ ಸದ್ದಾಯಿತು. ಎಲ್ಲರೂ ಶೆಡ್ಡಿನಿಂದ ಹೊರಗೆ ಬಂದು ನಿಂತೆವು. ಒಂದರ ಹಿಂದೆ ಒಂದು ಬಿದ್ದವು, ಒಂದು ಓಣಿಯೇ. ಹನ್ನೊಂದು ಮನೆ. ಧೂಳೂ ಏಳಲಿಲ್ಲ, ಅಷ್ಟು ನೆಂದಿದ್ದವು. ಹೆಂಗಸರು ತಂತಮ್ಮ ಮಕ್ಕಳ ತಲೆ ಮುಟ್ಟಿ ನೋಡಿಕೊಂಡರು. ಮುರಗೆಪ್ಪ ಒಂದೊಂದು ಶೆಡ್ಡಿಗೂ ಹೋಗಿ ಹೆಸರು ಹಿಡಿದು ಕೂಗಿದ. ಎಲ್ಲರೂ ಓ ಎಂದರು.

ಆಚೆಯ ದಂಡೆಯಲ್ಲಿ, ನನ್ನನ್ನು ಇಳಿಯಗೊಡದ ಊರು ಹೊಸ ತಗ್ಗಿಗೆ ಬಂದು ಮೂರು ತಿಂಗಳಾಯಿತು. ನಿನ್ನೆ ಆ ಊರಿನ ಹೆಣ್ಣುಮಗಳೊಬ್ಬಳು ಸಂತೆಯಲ್ಲಿ ಸಿಕ್ಕಿ, ಬಾವಿ ತುಂಬೇತ್ರಿ, ಕೈಲೇ ನೀರು ಸಿಗತಾವ ಎಂದು ನಗುತ್ತ ಹೇಳಿದಳು. ನಾಳೆ ಮುಂಜಾನೆಯ ಬಸ್ಸಿಗೆ ಅಲ್ಲಿಗೆ ಹೋಗುತ್ತೇನೆ. ಗಿರಿಮಲ್ಲಪ್ಪ ಜೊತೆಗೆ ಬರುತ್ತೇನೆ ಎಂದಿದ್ದಾನೆ. ಬಸ್ಸಿನಿಂದ ಇಳಿಯಗೊಡದಿದ್ದರೆ ಹಿಂದಿನ ನಿಲ್ದಾಣದಲ್ಲಿ ಇಳಿದು ನಡೆಯುತ್ತೇವೆ.

ರಾಜಶ್ರೀ